ದುವಾನ್ ಮಾವ ಬರೆಯದ ಕೊನೆಯ ಸಾಲು

ನನ್ನ ಸೋದರಮಾವ ದುವಾನ್ ಅವರ ಸ್ಪ್ಯಾನಿಷ್ ಉಪಯೋಗಕ್ಕೆ ಬಂದಿದ್ದು ವಿಯೆಟ್ನಾಮಿನ ಗುಡ್ಡಗಾಡಿನ ಊರು ಮೊಕ್ ಚೌದ ಹಸುಗಳಿಗೆ ಮಾತ್ರ. ಹತ್ತೊಂಬತ್ತನೇ ವಯಸ್ಸಿಗೆ ಸರ್ಕಾರ ಅವರನ್ನು ದನ ಸಾಕುವುದು ಕಲಿಯಲೆಂದು ಕ್ಯೂಬಾಕ್ಕೆ ಕಳಿಸಿತ್ತು. ಕಲಿತು ಮರಳಿದಾಗ ಮೊಕ್ ಚೌ ಡೈರಿಯಲ್ಲಿ ಕ್ಯೂಬಾದ ಹಸುಗಳೇ ಇದ್ದವು. ಅವುಗಳ ಜೊತೆ ಸ್ಪ್ಯಾನಿಷ್ ಆಡಿಕೊಂಡೇ ನಿವೃತ್ತರಾದರು. "ನನ್ನ ಉಚ್ಚಾರಣೇಲಿ ಒಂದು ಹಸುವೂ ತಪ್ಪು ಹಿಡಿದಿಲ್ಲ" ಎಂದು ಜಂಬ ಬೇರೆ.

ನಾನು ಯೆನ್. ಹನೋಯ್‌ನಲ್ಲಿ ಪರದೇಶದ ಸಿನಿಮಾಗಳಿಗೆ ವಿಯೆಟ್ನಾಮಿ ಸಬ್‌ಟೈಟಲ್ ಹಾಕುವವಳು. ಕಳೆದ ವರ್ಷ ಸ್ಪೇನಿನ ದೆವ್ವದ ಸಿನಿಮಾವೊಂದು ಬಂತು. ನೆರೆಯಾ ಎಂಬ ಹುಡುಗಿ ಪಾಳು ಹಳ್ಳಿಯೊಂದಕ್ಕೆ ಹೋಗಿ ಕಾಣೆಯಾಗುತ್ತಾಳೆ. ಅವಳ ಕ್ಯಾಮೆರಾದಲ್ಲಿ ಸಿಕ್ಕಿದ್ದನ್ನೇ ತೋರಿಸುತ್ತಿದ್ದೇವೆ ಎಂಬಂತೆ ತೆಗೆದಿದ್ದರು. ಚಿತ್ರವೆಲ್ಲ ಅಲ್ಲಾಟ, ಎಲ್ಲರದೂ ಒಟ್ಟಿಗೆ ಕಿರುಚಾಟ. ಸಂಭಾಷಣೆಯ ಬರಹ ಬಂದಿರಲಿಲ್ಲ. ಇಂಗ್ಲಿಷ್ ಪ್ರತಿ ನೋಡಿ ಬರೆದುಬಿಡುವ ನನ್ನ ಜಾಣತನ ಅಲ್ಲಿ ನಡೆಯಲಿಲ್ಲ. ಕೇಳಿ ವಿಯೆಟ್ನಾಮಿಯಲ್ಲಿ ಬರೆದುಕೊಡಿ ಎಂದು ವೀಡಿಯೊವನ್ನು ಮಾವನಿಗೆ ಕಳಿಸಿದೆ.

ಐವತ್ತು ವರ್ಷದಲ್ಲಿ ಅವರ ಸ್ಪ್ಯಾನಿಷ್ ಮನುಷ್ಯರೊಬ್ಬರಿಗೆ ಬೇಕಾಗಿದ್ದು ಅದೇ ಮೊದಲು. ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಕೂತು ಬರೆದರಂತೆ. ದುಂಡಗಿನ ಅಕ್ಷರದ ಹಾಳೆಗಳ ಫೋಟೊಗಳು ದಿನವೂ ಬಂದವು. ಆದರೆ ನೆರೆಯಾ ಆಡುವ ಕೊನೆಯ ಮಾತಿನ ಜಾಗ ಖಾಲಿ. ಫೋನ್ ಎತ್ತಲಿಲ್ಲ. ಶುಕ್ರವಾರ ಸಿನಿಮಾ ಬಿಡುಗಡೆ. ಬುಧವಾರ ಬೆಳಿಗ್ಗೆ ಸಿಟ್ಟಿನಲ್ಲೇ ಮೊಕ್ ಚೌ ಬಸ್ ಹತ್ತಿದೆ.

"ಕೊನೇ ಸಾಲು ಎಲ್ಲಿ ಮಾವ? ಕೇಳಿಸ್ಲಿಲ್ವಾ?"

"ಚೆನ್ನಾಗೇ ಕೇಳಿಸ್ತು."

"ಮತ್ತೇನು ದಾಡಿ ಬರೆಯೋಕೆ?"

"ಅದು ಆ ಹುಡುಗಿ ಅವರಮ್ಮನಿಗೆ ಹೇಳಿದ್ದು ಕಣೇ. ಹೆತ್ತೋಳಿಗಿಂತ ಮುಂಚೆ ಪಾಪ್‌ಕಾರ್ನ್ ತಿನ್ನೋರು ಓದ್ಬೇಕಾ? ಮೊದ್ಲು ಆ ತಾಯಿ ವಿಳಾಸ ಕೊಡು. ಕಾಗದ ನಾನೇ ಬರೀತೀನಿ."

ನಗು ಉಕ್ಕಿ ಬಂತು. ಅಷ್ಟರಲ್ಲಿ ತೀರಿಹೋದ ಹಿರಿಯರಿಗೆ ಎಡೆ ಇಡುವ ಪೀಠ ಕಣ್ಣಿಗೆ ಬಿತ್ತು. ಕ್ವಾಂಗ್ ಚೀ ಯುದ್ಧಕ್ಕೆ ಹೋದ ದೊಡ್ಡ ಮಾವ ಬಾಂಗ್ ಅವರ ಫೋಟೊ ಅಲ್ಲಿದೆ. ಅವರ ಹೆಣವೂ ಸಿಗಲಿಲ್ಲ. ಆ ಫೋಟೊದ ಪಕ್ಕ ನೆರೆಯಾ ಎಂದು ಬರೆದ ಚೀಟಿ, ಒಂದು ಬಟ್ಟಲು ಗಂಜಿ, ಉರಿಯುತ್ತಿದ್ದ ಊದಿನಕಡ್ಡಿ.

"ಆ ಹುಡುಗಿ ದೇಹ ಸಿಕ್ಕಿಲ್ಲ ಅಂತ ವೀಡಿಯೊ ಮೊದಲಲ್ಲೇ ಬರ್ದಿದಾರೆ. ಅವಳಿಗೆ ಎಡೆ ಇಡೋರು ಯಾರು?" ಎಂದರು ಮಾವ.

ನನಗೆ ನಾಚಿಕೆಯಾಯಿತು. ಬಿಡುಗಡೆಗೆ ಮುಂಚೆ ಯಾರಾದರೂ ಸಿನಿಮಾ ಕದ್ದು ಹಂಚಿಯಾರೆಂಬ ಭಯಕ್ಕೆ ಆ ಪ್ರತಿಯಲ್ಲಿ ನಟರ ಹೆಸರುಗಳನ್ನೆಲ್ಲ ಕತ್ತರಿಸಿದ್ದರು. ಇದು ಕಟ್ಟುಕತೆ ಎಂದು ಹೇಳಬೇಕಾದವಳು ನಾನು. ಹಾಳಾದ ಅವಸರದಲ್ಲಿ ಹೇಳಿರಲೇ ಇಲ್ಲ.

ಫೋನಿನಲ್ಲಿ ನಟಿಯ ಸಂದರ್ಶನ ಹುಡುಕಿ ಅವರ ಮುಂದೆ ಹಿಡಿದೆ. "ಇವಳೇ ಮಾವ. ಹೋದ ವಾರದ್ದು. ಬರೀ ನಟನೆ ಅದು."

ಕನ್ನಡಕ ಹಾಕಿಕೊಂಡು, ಕಿವಿಗೊಟ್ಟು ಆಲಿಸಿದರು.

"ಏನಂತಿದಾಳೆ ಮಾವ?"

"ಶೂಟಿಂಗಲ್ಲಿ ಕಾಲು ಉಳುಕ್ತಂತೆ. ಹೇಳ್ಕೊಂಡು ನಗ್ತಿದಾಳೆ."

ಬೈಯುತ್ತಾರೆ ಎಂದುಕೊಂಡೆ. ಅವರು ದಡಬಡ ಎದ್ದು ಕಡ್ಡಿಯನ್ನು ಬೆರಳಲ್ಲೇ ಹೊಸಕಿದರು, ಚೀಟಿ ಹರಿದರು. "ಬದುಕಿರೋ ಕೂಸಿಗೆ ಎಡೆ ಇಟ್ಬಿಟ್ನಲ್ಲೇ! ಏನು ಅನಿಷ್ಟ ಕೆಲಸ ಮಾಡ್ದೆ ನಾನು!" ಗಂಜಿಯನ್ನು ಹಿತ್ತಲಿಗೆ ಚೆಲ್ಲಿ ಬಂದು, ಕೈ ಒರೆಸಿಕೊಂಡು, ಪೆನ್ನು ತೆಗೆದು ಆ ಸಾಲು ಬರೆದರು.

"ಅಮ್ಮಾ, ಚಿಲಕ ಹಾಕ್ಬೇಡ. ಬರ್ತಿದೀನಿ."

ಬಾಂಗ್ ಮಾವ ಕಾಣೆಯಾದ ಮೇಲೆ ಅವರ ತಾಯಿ, ನಮ್ಮಜ್ಜಿ, ಸಾಯುವವರೆಗೂ, ಇಪ್ಪತ್ತಾರು ವರ್ಷ, ಮುಂಬಾಗಿಲ ಚಿಲಕ ಹಾಕಿರಲಿಲ್ಲ.

ಮಾವ ಕಣ್ಣೊರೆಸಿಕೊಂಡು ಫೋನನ್ನು ನನ್ನ ಕಡೆ ತಳ್ಳಿದರು. "ಇನ್ನೊಂದ್ಸಲ ಹಾಕು ಯೆನ್, ಅವಳು ನಗೋದು."