ನೇತುಹಾಕಿದ ಸೈಕಲ್ಲು ಓಡಿದ ಮೈಲಿಗಳು

ಮೊದಲೇ ಹೇಳಿಬಿಡುತ್ತೇನೆ, ನಾನು ಇಂಥದ್ದನ್ನೆಲ್ಲ ನಂಬುವವನಲ್ಲ. ಇಪ್ಪತ್ತು ವರ್ಷ ಸೈಕಲ್ಲಿನಲ್ಲಿ ಊರೂರು ಸುತ್ತಿದ್ದೇನೆ, ಸುತ್ತಿದ್ದನ್ನು ಪತ್ರಿಕೆಗಳಿಗೆ ಬರೆದಿದ್ದೇನೆ. ಪಾಳು ಮಂಟಪಗಳಲ್ಲಿ, ಸ್ಮಶಾನದ ಪಕ್ಕದ ಛತ್ರಗಳಲ್ಲಿ ಮಲಗಿದ್ದೇನೆ. ಅಲ್ಲೆಲ್ಲ ನನ್ನ ನಿದ್ದೆ ಕೆಡಿಸಿದ್ದು ಸೊಳ್ಳೆ ಮಾತ್ರ. ಯಾರಾದರೂ ದೆವ್ವ ಕಂಡೆ ಎಂದರೆ, ಅದಕ್ಕೆ ಮೊದಲು ಏನು ಕುಡಿದಿದ್ದೆ ಎಂದು ಕೇಳಿ ಬಾಯಿ ಮುಚ್ಚಿಸುತ್ತಿದ್ದೆ. ಈಗ ನಾನೇ ಇದನ್ನು ಬರೆಯಲು ಕೂತಿದ್ದೇನೆ. ಅದಕ್ಕೇ ನನಗೆ ನನ್ನ ಮೇಲೇ ಸಿಟ್ಟು. ನಗುವವರು ನಗಲಿ.

ಎಪ್ಪತ್ತೆಂಟನೇ ಇಸವಿ. ನಾನು ಆರ್.ಟಿ. ನಗರದಲ್ಲಿ ಅಕ್ಕನ ಮನೆಯಲ್ಲಿದ್ದೆ. ಹಿಂದಿನ ಬೀದಿಯಲ್ಲೇ ಬಷೀರನ ಮನೆ. ಬಷೀರ್ ದರ್ಜಿ, ಮುಖ್ಯರಸ್ತೆಯಲ್ಲಿ ಸಣ್ಣ ಅಂಗಡಿ. ನನ್ನ ಜೊತೆ ಗೋವೆಯವರೆಗೆ, ಹಂಪೆಯವರೆಗೆ, ಮದ್ರಾಸಿನವರೆಗೆ ಸೈಕಲ್ ತುಳಿದವನು. ಸೈಕಲ್ಲಿನ ಎರಡೂ ಪಕ್ಕಕ್ಕೆ ನೇತುಹಾಕುವ ಚೀಲಗಳನ್ನು ಹಳೇ ಟಾರ್ಪಾಲಿನಲ್ಲಿ ಅವನೇ ಹೊಲಿದಿದ್ದ, ಮಳೆಯಲ್ಲಿ ಒಂದು ಹನಿ ಒಳಗೆ ಇಳಿಯುತ್ತಿರಲಿಲ್ಲ. ಆ ಚಳಿಗಾಲಕ್ಕೆ ಇಬ್ಬರೂ ಕನ್ಯಾಕುಮಾರಿಯಿಂದ ಕಾಶ್ಮೀರಕ್ಕೆ ಹೊರಡುವುದು ಎಂದು ಗೊತ್ತುಮಾಡಿಕೊಂಡಿದ್ದೆವು.

ನಮ್ಮಿಬ್ಬರಿಗೂ ಸೇರಿ ಒಂದೇ ಮೈಲಿ ಮೀಟರು. ಅದು ನನ್ನ ಸೈಕಲ್ಲಿಗಿತ್ತು. ನೋಡದವರಿಗೆ ಹೇಳುತ್ತೇನೆ: ಮುಂದಿನ ಚಕ್ರದ ಅಚ್ಚಿನ ಪಕ್ಕ ಕೂರುವ ಸಣ್ಣ ಡಬ್ಬಿ. ಚಕ್ರದ ಕಡ್ಡಿಗೆ ಬಿಗಿದ ಒಂದು ಮೊಳೆ ಪ್ರತಿ ಸುತ್ತಿಗೂ ಬಂದು ಅದರ ಹಲ್ಲನ್ನು ತಟ್ಟುತ್ತದೆ. ಮೈಲಿಗೆ ಏಳುನೂರು ಚಿಲ್ಲರೆ ಸಲ ತಟ್ಟಿದರೆ ಒಂದಂಕಿ ಮುಂದಕ್ಕೆ ಹೋಗುತ್ತದೆ. ಹಿಂದೆ ಬರುವುದಿಲ್ಲ. ಪ್ರವಾಸ ಹೋದಾಗ ಅದರ ಅಂಕಿಯನ್ನು ಪುಸ್ತಕದಲ್ಲಿ ಬರೆದು, ಆ ಊರಿನ ಪೋಸ್ಟ್ ಮಾಸ್ಟರನೋ ಮೇಷ್ಟರೋ ಯಾರಾದರೂ ಒಬ್ಬರಿಂದ ದಿನ, ವೇಳೆ ಹಾಕಿಸಿ ರುಜು ಮಾಡಿಸಿಕೊಳ್ಳುವುದು ಪದ್ಧತಿ. ಇಲ್ಲದಿದ್ದರೆ ರೈಲಿನಲ್ಲಿ ಹೋಗಿ ಬಂದಿದ್ದಾನೆ ಎನ್ನುವ ಬೃಹಸ್ಪತಿಗಳು ನಮ್ಮಲ್ಲಿ ಬೀದಿಗೆ ಹತ್ತು ಜನ.

ಅಂಥ ಹೊತ್ತಿನಲ್ಲಿ ಹೆಬ್ಬಾಳದ ಕೆರೆ ಏರಿಯ ಹತ್ತಿರ ಒಂದು ಎಮ್ಮೆ ನನಗೆ ಅಡ್ಡ ಬಂತು. ಎಮ್ಮೆಗೆ ಏನೂ ಆಗಲಿಲ್ಲ. ನನ್ನ ಬಲಗಾಲು ಮೊಣಕಾಲಿನ ಕೆಳಗೆ ಮುರಿಯಿತು. ಸೈಕಲ್ಲಿಗೂ ಪೆಟ್ಟಾಗಿರಲಿಲ್ಲ. ಬಷೀರನೇ ಅದನ್ನು ತಂದು ಮನೆಯ ಪಕ್ಕದ ಕೋಣೆಯಲ್ಲಿ ಎರಡು ಹಗ್ಗ ಹಾಕಿ ಸೂರಿಗೆ ನೇತುಹಾಕಿದ. ನೆಲಕ್ಕೆ ಬಿಟ್ಟರೆ ಟೈರು ಹಾಳಾಗುತ್ತದೆ ಎಂದು. ಆಗ ಮೀಟರಿನಲ್ಲಿ ಇದ್ದದ್ದು 4312. ಆಸ್ಪತ್ರೆಯಿಂದ ಬಂದ ದಿನವೇ ಬಷೀರನನ್ನು ಕೇಳಿ ಡೈರಿಯಲ್ಲಿ ಬರೆದುಕೊಂಡಿದ್ದೆ. ಆ ಕೋಣೆಗೆ ಎರಡು ಬೀಗದಕೈ. ಒಂದು ನನ್ನ ದಿಂಬಿನ ಕೆಳಗೆ, ಇನ್ನೊಂದು ಬಷೀರನ ಹತ್ತಿರ. ಅವನ ಸಾಮಾನೂ ಅಲ್ಲೇ ಇರುತ್ತಿತ್ತು.

ಬಷೀರ್ ದಿನಾ ಸಂಜೆ ಅಂಗಡಿ ಮುಚ್ಚಿ ಬಂದು ಕೂರುತ್ತಿದ್ದ. ನನ್ನ ಸಹವಾಸ ಆಗ ಯಾರಿಗೂ ಬೇಡ. ಕಾಲು ಮುರಿದ ಸಿಟ್ಟನ್ನೆಲ್ಲ ಬಂದವರ ಮೇಲೆ ಕಕ್ಕುತ್ತಿದ್ದೆ. ಅವನು ಒಂದು ದಿನ ರಸ್ತೆಯ ಮಾತು ಎತ್ತಿದಾಗ, "ನನ್ನ ಮುಂದೆ ಸೈಕಲ್ ವಿಷಯ ತೆಗೀಬೇಡ" ಎಂದು ಗದರಿದೆ. ಆಮೇಲೆ ಅವನು ತೆಗೆಯಲಿಲ್ಲ.

ಮೂರು ವಾರವಾದ ಮೇಲೆ ಊರುಗೋಲು ಬಂತು. ಮೊದಲ ದಿನವೇ ಕುಂಟಿಕೊಂಡು ಕೋಣೆಗೆ ಹೋದೆ, ಸೈಕಲ್ಲನ್ನು ಒಂದು ಸಲ ಮುಟ್ಟಿ ಬರಲು. ಮೀಟರಿನಲ್ಲಿ 4387 ಇತ್ತು.

ಎಪ್ಪತ್ತೈದು ಮೈಲಿ! ಕಣ್ಣುಜ್ಜಿಕೊಂಡು ನೋಡಿದೆ, ಡೈರಿ ತಂದು ನೋಡಿದೆ. ಮಾರನೇ ದಿನ ಸಂಜೆ ಹೋದರೆ 4402. ಅದರ ಮಾರನೇ ದಿನ 4417. ದಿನಕ್ಕೆ ಹದಿನೈದು ಮೈಲಿ. ಅದು ನನಗೆ ಬಾಯಿಪಾಠವಾಗಿದ್ದ ಲೆಕ್ಕ. ನಮ್ಮ ಬೀದಿಯಿಂದ ಯಲಹಂಕದ ರೈಲ್ವೆ ಗೇಟಿಗೆ ಹೋಗಿ ತಿರುಗಿ ಬಂದರೆ ಹದಿನೈದು ಮೈಲಿ. ಅಭ್ಯಾಸಕ್ಕೆಂದು ನಾನೂ ಬಷೀರನೂ ಬೆಳಿಗ್ಗೆ ಐದಕ್ಕೆ ಹೊರಟು ತುಳಿಯುತ್ತಿದ್ದ ದಾರಿ ಅದೇ.

ಯಾರು ಎಂದು ಯೋಚಿಸಬೇಕಾದ್ದೇನಿತ್ತು? ನನ್ನನ್ನು ಬಿಟ್ಟರೆ ಬೀಗದಕೈ ಇದ್ದದ್ದು ಅವನೊಬ್ಬನ ಹತ್ತಿರ. ನನ್ನ ಕಾಲು ಪ್ಲಾಸ್ಟರಿನಲ್ಲಿರುವಾಗ ನನ್ನ ಸೈಕಲ್ಲಿನಲ್ಲೇ ಅಭ್ಯಾಸ ಮಾಡಿ, ನನ್ನನ್ನು ಬಿಟ್ಟು ಒಬ್ಬನೇ ಕಾಶ್ಮೀರಕ್ಕೆ ಹೊರಡುವ ಹುನ್ನಾರ ಎಂದು ತೀರ್ಮಾನಿಸಿಬಿಟ್ಟೆ. ಆದರೂ ಬಾಯಿ ಬಿಡಲಿಲ್ಲ. ಸಾಕ್ಷಿ ಬಲವಾಗಲಿ ಎಂದು ದಿನಾ ಅಂಕಿ ಬರೆದುಕೊಳ್ಳುತ್ತ ಹೋದೆ. ಒಂದು ದಿನ ಮಾತ್ರ ಮೀಟರು ಕದಲಲಿಲ್ಲ. ಭಾನುವಾರ ಒಂದೇ ಸಲ ಅರವತ್ತಮೂರು ಮೈಲಿ ಹೆಚ್ಚಿತ್ತು. ಅದೂ ನನಗೆ ಗೊತ್ತಿದ್ದ ಅಂಕಿ, ನಂದಿ ಬೆಟ್ಟದ ತಪ್ಪಲಿಗೆ ಹೋಗಿ ಬರುವ ದೂರ. ಅಂದು ಸಂಜೆ ಬಷೀರ್ ಬಂದಾಗ ಅವನ ಮುಖ ಬಿಸಿಲಿಗೆ ಕರ್ರಗಾಗಿತ್ತು. ಡೈರಿಯಲ್ಲಿ ಅಂದಿನ ಅಂಕಿಯ ಕೆಳಗೆ ಎರಡು ಗೆರೆ ಎಳೆದೆ.

ಅಕ್ಕನಿಗೆ ಹೇಳಿದೆ. ಅವಳು ಬಂದು ಕೋಣೆಯ ಬಾಗಿಲಲ್ಲಿ ನಿಂತು ನೋಡಿದಳು. "ಲೋ, ಹ್ಯಾಂಡಲ್ಲಿಂದ ಹಗ್ಗದವರೆಗೂ ಜೇಡ ಬಲೆ ಕಟ್ಟಿದೆಯಲ್ಲೋ. ಟೈರಲ್ಲಿ ಗಾಳಿನೇ ಇಲ್ಲ. ಇದನ್ನ ಯಾರೋ ಓಡ್ಸಿರೋದು?" ಎಂದಳು.

"ಜೇಡಕ್ಕೆ ಬಲೆ ಕಟ್ಟೋಕೆ ಒಂದು ರಾತ್ರಿ ಸಾಕು. ಗಾಳಿ ಅವನೇ ತುಂಬಿಸ್ತಾನೆ, ಅವನೇ ಬಿಡ್ತಾನೆ" ಎಂದು ಕಿರುಚಿದೆ. ಊರುಗೋಲಿನಿಂದಲೇ ಆ ಬಲೆಯನ್ನು ಹರಿದುಹಾಕಿದೆ. ಇದನ್ನು ಬರೆಯುವಾಗ ನನಗೆ ನನ್ನ ಕೆನ್ನೆಗೇ ಬಾರಿಸಿಕೊಳ್ಳಬೇಕು ಎನ್ನಿಸುತ್ತದೆ. ಕಣ್ಣೆದುರಿಗೆ ಇದ್ದದ್ದನ್ನು ಅಕ್ಕ ನೋಡಿದಳು. ನಾನು ಅಂಕಿ ನೋಡಿದೆ.

ಮೀಟರಿನಲ್ಲಿ 4585 ಆದ ದಿನ ಸಂಜೆ ಬಷೀರನನ್ನು ಕೋಣೆಗೆ ಕರೆದೊಯ್ದು ನಿಲ್ಲಿಸಿ ಕೇಳಿದೆ. ಅವನಿಗೆ ಮೊದಲು ಅರ್ಥವೇ ಆಗಲಿಲ್ಲ. ಆಮೇಲೆ ಹೇಳಿದ: "ಬೆಳಿಗ್ಗೆ ಹೋಗ್ತಿರೋದು ನಿಜ ಗುರು. ನನ್ ಸೈಕಲ್ಲಲ್ಲಿ ಹೋಗ್ತಿದೀನಿ. ನಿನ್ನದನ್ನ ಮುಟ್ಟೇ ಇಲ್ಲ."

"ಹಾಗಾದ್ರೆ ಮೀಟರ್ ಸುಳ್ಳು ಹೇಳುತ್ತಾ? ಮೀಟರ್ ಸುಳ್ಳು ಹೇಳಲ್ಲ ಕಣೋ, ಮನುಷ್ಯ ಹೇಳ್ತಾನೆ" ಎಂದೆ. ಕಳ್ಳ ಎಂದೆ. ಇನ್ನೂ ಏನೇನೋ ಅಂದೆ, ಅದನ್ನು ಇಲ್ಲಿ ಬರೆಯುವಷ್ಟು ನಾಚಿಕೆಗೆಟ್ಟವನಲ್ಲ. ಬಷೀರ್ ಜೇಬಿನಿಂದ ಬೀಗದಕೈ ತೆಗೆದು ಕಿಟಕಿಯ ಕಟ್ಟೆಯ ಮೇಲಿಟ್ಟು ಹೊರಟುಹೋದ. ಚೀಲಗಳನ್ನೂ ಒಯ್ಯಲಿಲ್ಲ.

ಮಾರನೇ ದಿನ ಹೋಗಿ ನೋಡಿದೆ, 4585. ಅದರ ಮಾರನೇ ದಿನವೂ 4585. ಕಾಲು ವಾಸಿಯಾಗಿ ನಾನೇ ಸೈಕಲ್ ಇಳಿಸುವವರೆಗೆ ಅದು ಒಂದಂಕಿ ಮುಂದೆ ಹೋಗಲಿಲ್ಲ. ಇದಕ್ಕಿಂತ ಸಾಕ್ಷಿ ಬೇಕೆ? ಬೀಗದಕೈ ಹೋಯಿತು, ಓಟವೂ ನಿಂತಿತು. ಅಕ್ಕನ ಮುಂದೆ ಗೆದ್ದವನಂತೆ ಮೆರೆದೆ. ಅಷ್ಟಕ್ಕೆ ಸುಮ್ಮನಾಗದೆ ಒಂದು ವಾರಪತ್ರಿಕೆಗೆ ಈ ಕಥೆಯನ್ನೇ ಬರೆದೆ. ಹೆಸರು ಹಾಕಲಿಲ್ಲ, "ನನ್ನ ಜೊತೆಗಾರನಾಗಿದ್ದ ಒಬ್ಬ ದರ್ಜಿ" ಎಂದಷ್ಟೇ ಹಾಕಿದೆ. ಆರ್.ಟಿ. ನಗರದಲ್ಲಿ ಸೈಕಲ್ ಪ್ರವಾಸ ಮಾಡುವ ದರ್ಜಿಗಳು ಎಷ್ಟು ಜನ ಇದ್ದರು? ಬಟ್ಟೆ ಹೊಲಿಸಲು ಬಂದವರು "ಏನ್ ಬಷೀರಣ್ಣ, ಸೈಕಲ್ ಯಾರ್ದು?" ಎಂದು ತಮಾಷೆ ಮಾಡುತ್ತಿದ್ದರಂತೆ. ಅವನು ಸೈಕಲ್ ಮಾರಿಬಿಟ್ಟ ಎಂದು ಕೇಳಿದಾಗ, ಮಾಡಿದ್ದುಣ್ಣೋ ಮಹರಾಯ ಎಂದುಕೊಂಡೆ. ಕಾಶ್ಮೀರಕ್ಕೆ ಒಬ್ಬನೇ ಹೋಗಿ ಬಂದೆ, ಅವನು ಹೊಲಿದ ಚೀಲಗಳನ್ನೇ ಹಾಕಿಕೊಂಡು. ಒಂಬತ್ತು ವರ್ಷ ಒಂದೇ ರಸ್ತೆಯಲ್ಲಿ ಓಡಾಡಿದೆವು. ಒಬ್ಬರ ಮುಖ ಒಬ್ಬರು ನೋಡಲಿಲ್ಲ.

ಎಂಬತ್ತೇಳರಲ್ಲಿ ಒಂದು ಬೆಳಿಗ್ಗೆ ದೊಡ್ಡಬಳ್ಳಾಪುರದ ಕಡೆಗೆ ಹೊರಟಿದ್ದೆ. ಯಲಹಂಕದ ಗೇಟು ಹಾಕಿತ್ತು. ಗೇಟ್ ಕಾಯುವ ವೆಂಕಟರಮಣಪ್ಪ ನನ್ನನ್ನೇ ದಿಟ್ಟಿಸಿ ನೋಡಿ ಹತ್ತಿರ ಬಂದ. ಹಿಂದೆ ನಾವು ತಿರುಗುವಾಗ ಅವನ ಗೂಡಿನಲ್ಲೇ ನೀರು ಕುಡಿಯುತ್ತಿದ್ದದ್ದು. ನಡುವೆ ಬೇರೆ ಕಡೆಗೆ ವರ್ಗವಾಗಿದ್ದವನು ಈಗ ಮತ್ತೆ ಅಲ್ಲಿಗೇ ಬಂದಿದ್ದ.

"ಸ್ವಾಮಿ, ನಿಮ್ ಜೊತೆಗಾರಂದು ಒಂದ್ ಪುಸ್ತಕ ನಂತಾವ ಐತೆ. ದಿನಾ ಇಲ್ಲೇ ಬುಟ್ ಓಗೋನು, ಒಂದಿನ ನಾಳೆ ಬತ್ತೀನಿ ಅಂತ ಓದೋನು ಬರ್ಲೇ ಇಲ್ಲ. ಟ್ರಂಕಲ್ಲಿ ಇಟ್ಕೊಂಡು ಊರೂರು ಒತ್ತಿದೀನಿ" ಎಂದ.

ಎರಡು ದಿನ ಬಿಟ್ಟು ಹೋಗಿ ಪುಸ್ತಕ ತೆಗೆದುಕೊಂಡೆ. ನಮ್ಮ ಪ್ರವಾಸದ ಪುಸ್ತಕದ ಹಾಗೇ ಗೆರೆ ಎಳೆದದ್ದು, ಬಷೀರನ ಅಕ್ಷರ. ಪ್ರತಿ ದಿನವೂ ಗೇಟಿಗೆ ಬಂದ ವೇಳೆ, ಕೆಳಗೆ ವೆಂಕಟರಮಣಪ್ಪನ ರುಜು. ಅಷ್ಟೂ ನಾನು ಕಾಲು ಮುರಿದುಕೊಂಡು ಮಲಗಿದ್ದ ದಿನಗಳು. ಪ್ರತಿ ಪುಟದ ಮೇಲೂ ಎರಡು ಹೆಸರು. ನನ್ನದು ಮೊದಲು, ಅವನದು ಆಮೇಲೆ.

ಅವನು ಯಾವ ಸೈಕಲ್ಲಿನಲ್ಲಿ ಬರುತ್ತಿದ್ದ ಎಂದು ಕೇಳಿದೆ.

"ಅವುಂದೇ, ಅಸಿರು ಸೈಕಲ್ಲು. ನಿಮ್ದು ಕರೀದಲ್ವಾ? ಬರೋನು ಒಬ್ನೇ ಸ್ವಾಮಿ, ಆದ್ರೆ ಇಬ್ರು ಬಂದ್ರು ಅಂತ ಬರೀರಿ ಅನ್ನೋನು. ನಾನು ಗೇಟ್ ಕೆಲ್ಸದೋನು, ಸುಳ್ಳು ಎಂಗ್ ಬರೀಲಿ ಅಂದೆ. 'ಅವ್ನು ಕಾಲ್ ಮುರ್ಕೊಂಡು ಮಲಗಿದಾನೆ, ಅವ್ನ ಪಾಲಿಂದೂ ನಾನೇ ತುಳೀತಿದೀನಿ, ಬರ್ಕೊಳ್ಳಿ' ಅಂತ ಒಂದೇ ಗಲಾಟೆ. ಎದ್ದು ಬಂದಾಗ ನಿಮಗೆ ಕೊಡ್ತಾನಂತೆ. ಓಗ್ಲಿ ಅಂತ ಬರ್ಕೊಟ್ಟೆ."

ಮನೆಗೆ ಬಂದು ಹಳೇ ಡೈರಿ ಹುಡುಕಿ ಪಕ್ಕದಲ್ಲಿಟ್ಟುಕೊಂಡೆ. ಪುಸ್ತಕ ಶುರುವಾದದ್ದು ನಾನು ಮೊದಲ ಸಲ ಕೋಣೆಗೆ ಹೋಗಿ ನೋಡಿದ ದಿನಕ್ಕೆ ನಾಲ್ಕು ದಿನ ಮೊದಲು, ಆ ದಿನವೂ ಸೇರಿ ಸರಿಯಾಗಿ ಐದು ದಿನ. ಐದು ಹದಿನೈದಲೆ ಎಪ್ಪತ್ತೈದು. ಮೀಟರು ಕದಲದೆ ಇದ್ದ ದಿನದ ಪುಟದಲ್ಲಿ "ಅಮ್ಮಿಗೆ ಜ್ವರ, ಹೋಗಲಿಲ್ಲ" ಎಂದಿತ್ತು. ಆ ಭಾನುವಾರದ ಪುಟದಲ್ಲಿ "ನಂದಿ ತಪ್ಪಲು", ಹೋಗುವಾಗ ಒಂದು ರುಜು, ಬರುವಾಗ ಒಂದು ರುಜು. ಕೊನೆಯ ಪುಟ ನಾನು ಅವನನ್ನು ಕಳ್ಳ ಎಂದ ದಿನದ್ದು. ಅದರ ಆಚೆಗೆ ಖಾಲಿ. ಕೂಡಿದೆ. ನಾಲ್ಕು ಸಲ ಕೂಡಿದೆ. ಇನ್ನೂರ ಎಪ್ಪತ್ತಮೂರು ಮೈಲಿ. 4312ಕ್ಕೆ ಸೇರಿಸಿದರೆ 4585.

ಇದನ್ನು ಹೇಳಿದಾಗ ಗೆಳೆಯರು ಸಮಜಾಯಿಷಿ ಕೊಟ್ಟಿದ್ದಾರೆ. ಇಲಿ ಚಕ್ರ ತಿರುಗಿಸಿರಬೇಕಂತೆ. ಇಲಿ, ದಿನಕ್ಕೆ ಹನ್ನೊಂದು ಸಾವಿರ ಸುತ್ತು, ಭಾನುವಾರ ನಂದಿ ಬೆಟ್ಟಕ್ಕೆ! ಗಾಳಿಯಂತೆ. ಕಿಟಕಿ ಮುಚ್ಚಿದ ಕೋಣೆಯಲ್ಲಿ ಯಾವ ಗಾಳಿ? ನನ್ನ ಭ್ರಮೆಯಂತೆ. ಭ್ರಮೆಗೆ ಯಲಹಂಕದ ದೂರ ಗೊತ್ತಿರಬಹುದು, ಬಷೀರನ ತಾಯಿಗೆ ಜ್ವರ ಬಂದದ್ದು ಹೇಗೆ ಗೊತ್ತು? ಇನ್ನು ಕೆಲವರು ಇದನ್ನು ಪವಾಡ ಎಂದು ಕೈ ಮುಗಿಯುತ್ತಾರೆ. ಅವರನ್ನು ಕಂಡರೆ ಇನ್ನೂ ಹೆಚ್ಚು ಸಿಟ್ಟು ಬರುತ್ತದೆ. ಒಬ್ಬ ಒಳ್ಳೆಯವನ ಮಾನ ಕಳೆದದ್ದು ಎಂಥ ಪವಾಡ?

ಪುಸ್ತಕ ಸಿಕ್ಕ ದಿನ ಮಧ್ಯಾಹ್ನವೇ ಅದನ್ನೂ ಡೈರಿಯನ್ನೂ ಎತ್ತಿಕೊಂಡು ಬಷೀರನ ಅಂಗಡಿಗೆ ಹೋದೆ. ಅವನು ಕನ್ನಡಕ ಹಾಕಿಕೊಂಡು ಕಾಲರ್ ಹೊಲಿಯುತ್ತಿದ್ದ. ತಲೆ ಎತ್ತಿ ನೋಡಿ, "ಏನ್ ಸಾರ್, ಪ್ಯಾಂಟಾ ಶರ್ಟಾ?" ಎಂದ. ನನ್ನನ್ನು ಗುರು ಎನ್ನುತ್ತಿದ್ದವನು.

ನಾನು ಎರಡು ಪುಸ್ತಕಗಳನ್ನೂ ಮಿಷಿನ್ ಮೇಲೆ ಬಿಡಿಸಿಟ್ಟು ಒಂದೇ ಉಸಿರಿಗೆ ಹೇಳಿದೆ. ಇಲ್ಲಿ ನೋಡು ಹದಿನೈದು, ಇಲ್ಲಿ ನೋಡು ಅರವತ್ತಮೂರು, ಅಮ್ಮಿಯ ಜ್ವರದ ದಿನ ನೋಡು, ಒಂದಂಕಿಯೂ ತಪ್ಪಿಲ್ಲ, ನೀನು ಮುಟ್ಟಿಲ್ಲ, ನೀನು ಹೇಳಿದ್ದು ನಿಜ ಎಂದೆ. ತಪ್ಪಾಯಿತು ಎಂಬ ಮಾತು ಕೊನೆಗೆ ಬಂತು. ಬಷೀರ್ ಪೂರ್ತಿ ಕೇಳಿಸಿಕೊಂಡ. ತನ್ನ ಅಕ್ಷರದ ಮೇಲೆ ಒಂದು ಸಲ ಬೆರಳಾಡಿಸಿದ. ಮೀಟರು ಹೇಗೆ ಓಡಿತು ಎಂದು ಅವನು ಕೇಳಲೇ ಇಲ್ಲ. ಎರಡನ್ನೂ ಮುಚ್ಚಿ ನನ್ನ ಕಡೆಗೆ ತಳ್ಳಿದ.

"ಅವತ್ತೂ ಮೀಟರ್ ಮಾತು ಕೇಳಿದ್ರಿ. ಇವತ್ತೂ ಮೀಟರ್ ಮಾತು ಕೇಳ್ಕೊಂಡೇ ಬಂದಿದೀರ. ನನ್ ಮಾತು ಯಾವತ್ತು ಕೇಳ್ತೀರ ಸಾರ್?"

ಅಷ್ಟು ಹೇಳಿ ಕಾಲರ್ ಹೊಲಿಯಲು ಕೂತ. ನಾನು ಎರಡನ್ನೂ ಎತ್ತಿಕೊಂಡು ಮೆಟ್ಟಿಲು ಇಳಿದುಬಂದೆ. ಮೀಟರನ್ನು ಬಿಚ್ಚಿ ಮೇಜಿನ ಖಾನೆಗೆ ಹಾಕಿದ್ದೇನೆ. ನೇತುಹಾಕಿದ ಸೈಕಲ್ಲು ಹೇಗೆ ಓಡಿತು ಎಂಬುದು ನನಗೆ ಇವತ್ತಿಗೂ ಗೊತ್ತಿಲ್ಲ. ಬಲ್ಲವರು ಯಾರಾದರೂ ಇದ್ದರೆ ಹೇಳಲಿ, ಕೇಳುತ್ತೇನೆ. ಬಷೀರ್ ಕೇಳಿದ್ದಕ್ಕೆ ಮಾತ್ರ ಉತ್ತರ ನಾನೇ ಕೊಡಬೇಕಿತ್ತು.