ಸೋಮವಾರ ಬಂದ ಟ್ರ್ಯಾಕ್ಟರ್

ನಲವತ್ತರ ದಶಕದ ಒಂದು ಮುಂಗಾರಿನಲ್ಲಿ ನಮ್ಮ ಜೋಡಿ ಎತ್ತುಗಳಿಗೆ ಕಾಲುಬಾಯಿ ಜ್ವರ ಬಂತು. ಶಿವಮೊಗ್ಗದ ರಾಗಿಗುಡ್ಡದ ಕೆಳಗಿದ್ದ ನಮ್ಮ ಹೊಲ ಹದಕ್ಕೆ ಬಂದಿತ್ತು. ಹದ ಆರಿದರೆ ಬಿತ್ತನೆ ತಪ್ಪುತ್ತಿತ್ತು. ನಾನಾಗ ಭದ್ರಾವತಿಯಲ್ಲಿ ಕೆಲಸಕ್ಕಿದ್ದೆ. ಅಲ್ಲಿನ ಜನ್ನಾಪುರದ ಜಮೀನುದಾರರೊಬ್ಬರು ಹೊಸದಾಗಿ ಟ್ರ್ಯಾಕ್ಟರ್ ತರಿಸಿದ್ದರು. ಒಂದು ದಿನದ ಮಟ್ಟಿಗೆ ಕೊಡಿ ಎಂದು ಕೇಳಿಕೊಂಡೆ, ಒಪ್ಪಿದರು.

ಅದು ಹೊಲಕ್ಕೆ ಬಂದದ್ದು ಸೋಮವಾರ. ವಾರ ನೋಡುವುದನ್ನು ನಾನು ಮರೆತಿದ್ದೆ. ಸೋಮವಾರ ಬಸವಣ್ಣನ ದಿನ. ನಮ್ಮ ಕಡೆ ಅಂದು ಎತ್ತಿಗೆ ಬಿಡುವು, ಯಾರೂ ಉಳುವುದಿಲ್ಲ.

ಅಪ್ಪ ಬದುವಿನ ಮೇಲೆ ನಿಂತು, "ವಾಪಸ್ ಕಳಿಸು," ಎಂದರು.

"ನಾಳೆ ಇದು ಸಿಗಲ್ಲಪ್ಪ," ಎಂದೆ. ಅವರು ಜಗ್ಗಲಿಲ್ಲ.

ಅಷ್ಟರಲ್ಲಿ ಅಜ್ಜಿ ಬಂದು ಟ್ರ್ಯಾಕ್ಟರನ್ನು ಒಂದು ಸುತ್ತು ನೋಡಿ, "ಇದಕ್ಕೆ ಹುಲ್ಲು ಹಾಕ್ತೀಯೇನಪ್ಪ?" ಎಂದು ಡ್ರೈವರನ್ನು ಕೇಳಿದರು.

"ಇಲ್ಲಜ್ಜಿ, ಸೀಮೆಎಣ್ಣೆ ಕುಡಿಯುತ್ತೆ."

ಅಜ್ಜಿ ಅಪ್ಪನತ್ತ ತಿರುಗಿದರು. "ರಜ ಇರೋದು ಎತ್ತಿಗೆ ಕಣೋ. ಅವು ಕೊಟ್ಟಿಗೇಲಿ ಮಲಗಿವೆ. ಇದಕ್ಯಾಕೋ ರಜ, ಮಾರಾಯ?"

ಅಪ್ಪ ಚಪ್ಪಲಿ ಬಿಟ್ಟು ಹೊಲಕ್ಕಿಳಿದು, ಯಾವ ಮೂಲೆಯಿಂದ ಶುರು ಮಾಡಬೇಕೆಂದು ಡ್ರೈವರನಿಗೆ ತೋರಿಸಿದರು.

ಸಂಜೆಯ ಹೊತ್ತಿಗೆ ಉಳುಮೆ ಮುಗಿಯಿತು. ಮಧ್ಯಾಹ್ನದ ಬುತ್ತಿಯನ್ನು ನಾನು ಬಿಚ್ಚಿದ್ದು ಆಮೇಲೆಯೇ.