ನಮ್ಮ ಮನೆಗೆ ಎಷ್ಟು ಬಿತ್ತು

ಆ ಪ್ರಶ್ನೆಯನ್ನು ಮೊದಲು ಕೇಳಿದವಳು ನನ್ನ ಚಿಕ್ಕಪ್ಪನ ಮಗಳು. ಹುಟ್ಟಿದ್ದು ನಂದಗುಡಿಯಲ್ಲಿ, ಮದುವೆಯಾದ ಮೇಲೆ ದೇವನಹಳ್ಳಿಯ ಬಾಡಿಗೆ ಮನೆ. ಗಂಡ ಹೆಂಡತಿ ಇಬ್ಬರೂ ವಿಮಾನ ನಿಲ್ದಾಣದಲ್ಲಿ ಕೆಲಸಕ್ಕಿದ್ದರು. ಬೂದಿಗೆರೆಯಲ್ಲಿ ಕಟ್ಟುತ್ತಿದ್ದ ಒಂದು ಫ್ಲ್ಯಾಟ್ ಅವರ ಕಣ್ಣಿಗೆ ಬಿದ್ದಿತ್ತು. ಬುಕ್ ಮಾಡುವ ಮುಂಚೆ ಒಂದು ಮಾತು ಕೇಳಿ ಹೋಗೋಣ ಎಂದು ಅವಳು ಒಂದು ಭಾನುವಾರ ದೊಡ್ಡಬಳ್ಳಾಪುರದ ನಮ್ಮ ಮನೆಗೆ ಬಂದಳು. ನಮ್ಮ ಕುಟುಂಬದಲ್ಲಿ ಬ್ಯಾಂಕಿನ ಸಾಲದಿಂದ ಮನೆ ಕೊಂಡವರು ನಾವೇ ಮೊದಲು.

ಉಪ್ಪಿಟ್ಟು ತಿಂದು ಕೈ ತೊಳೆದುಕೊಂಡು ಬಂದವಳೇ ಕೇಳಿದಳು: "ಅಕ್ಕ, ನಿಮ್ಮನೆಗೆ ಒಟ್ಟು ಎಷ್ಟು ಬಿತ್ತು?"

ನನಗಿಂತ ಮೊದಲು ನನ್ನ ಗಂಡ ಬಾಯಿ ತೆರೆದರು. "ನಲವತ್ತೆರಡು ಲಕ್ಷ. ಹನ್ನೆರಡು ನಮ್ಮ ಕೈಯಿಂದ, ಮೂವತ್ತು ಬ್ಯಾಂಕಿಂದ."

"ಅದು ಕೊಂಡಾಗಿನ ರೇಟು ಭಾವ. ಸಾಲ ತೀರೋ ಹೊತ್ತಿಗೆ ಎಷ್ಟಾಗುತ್ತೆ?"

ಅವರು ಬೆರಳು ಮಡಚಿದರು. "ಇಪ್ಪತ್ತು ವರ್ಷದ ಸಾಲ. ತಿಂಗಳಿಗೆ ಇಪ್ಪತ್ತಮೂರು ಸಾವಿರ ಚಿಲ್ಲರೆ. ಗುಣಿಸ್ಕೋ."

ಅವಳು ಮೊಬೈಲಿನಲ್ಲಿ ಗುಣಿಸಿದಳು. ಐವತ್ತೈದು ಲಕ್ಷ ದಾಟಿತು. ಮೂವತ್ತು ತೆಗೆದುಕೊಂಡು ಐವತ್ತೈದು ಕೊಡುವುದು! ಗೊತ್ತಿಲ್ಲದ ಸಂಗತಿಯೇನಲ್ಲ, ಆದರೂ ಬೇರೆಯವರ ಬಾಯಲ್ಲಿ ಕೇಳುವಾಗ ಒಂಥರಾ ಆಯಿತು. "ಈಗ ಮೂರು ವರ್ಷ ಕಟ್ಟಿದ್ದೀರಲ್ಲ, ಇನ್ನೆಷ್ಟು ಉಳಿದಿದೆ?" ಎಂದಳು. ಬ್ಯಾಂಕಿನ ಆ್ಯಪ್ ನನ್ನ ಫೋನಿನಲ್ಲಿತ್ತು. ತೆರೆದು ನೋಡಿದೆ.

ಬಾಕಿ ಅಸಲು ಇಪ್ಪತ್ತೆಂಟೂವರೆ ಲಕ್ಷ. ಉಳಿದ ಕಂತುಗಳು ಮುನ್ನೂರ ಎಂಟು.

"ಮುನ್ನೂರ ಎಂಟು ಅಂದ್ರೆ ಇಪ್ಪತ್ತೈದು ವರ್ಷ ಮೀರುತ್ತಲ್ಲಕ್ಕ?" ಎಂದಳು ತಂಗಿ.

"ಆ್ಯಪ್ ತಪ್ಪು ತೋರಿಸ್ತಿದೆ," ಎಂದರು ನನ್ನ ಗಂಡ. "ಇಪ್ಪತ್ತರಲ್ಲಿ ಮೂರು ಹೋದ್ರೆ ಹದಿನೇಳು. ಇಪ್ಪತ್ತೈದು ಎಲ್ಲಿಂದ ಬಂತು?"

ನಾನು ಬಾಶೆಟ್ಟಿಹಳ್ಳಿಯ ಒಂದು ಕಾರ್ಖಾನೆಯಲ್ಲಿ ಗುಣಮಟ್ಟ ಪರೀಕ್ಷಿಸುವ ಲ್ಯಾಬಿನಲ್ಲಿದ್ದೇನೆ. ಅಳತೆ ನಾವು ಅಂದುಕೊಂಡಂತೆ ಬರದಿದ್ದರೆ ಯಂತ್ರವನ್ನು ಬೈಯುವ ಮೊದಲು ಇನ್ನೊಮ್ಮೆ ಅಳೆಯಬೇಕು, ಇದು ಅಲ್ಲಿನ ಅಭ್ಯಾಸ. ಮೂರು ವರ್ಷ ಒಂದು ತಿಂಗಳೂ ತಪ್ಪದೆ ಕಟ್ಟಿದ್ದೆವು. ಎಂಟು ಲಕ್ಷಕ್ಕಿಂತ ಹೆಚ್ಚು ಹೋಗಿತ್ತು. ಅಸಲು ಇಳಿದದ್ದು ಒಂದೂವರೆ ಲಕ್ಷ. ಕಟ್ಟಿದ ಮೇಲೂ ಸಾಲದ ಆಯುಸ್ಸು ಬೆಳೆದಿತ್ತು. ಕೋಪ ಬರಬೇಕಿತ್ತೇನೋ. ನನಗೆ ಬಂದದ್ದು ಮಾತ್ರ ಇದು ಹೇಗಾಯಿತು ಎಂಬ ಕುತೂಹಲ. ತಂಗಿ ಹೊರಡುವಾಗ, "ತಿಳ್ಕೊಂಡು ಹೇಳ್ತೀನಿ ಕಣೆ, ಅಲ್ಲೀವರೆಗೂ ಅಡ್ವಾನ್ಸ್ ಕೊಡ್ಬೇಡ," ಎಂದೆ.

ಮುಂದಿನ ವಾರ ಅರ್ಧ ದಿನ ರಜೆ ಹಾಕಿ ಬ್ಯಾಂಕಿಗೆ ಹೊರಟೆ. ಗಂಡನದು ಸೀರೆ ವ್ಯಾಪಾರ. ಊರಿನ ಮಗ್ಗಗಳಿಂದ ಸೀರೆ ಎತ್ತಿ ಬೆಂಗಳೂರಿನ ಅಂಗಡಿಗಳಿಗೆ ಹಾಕುತ್ತಾರೆ. ಅದು ಮದುವೆ ಸೀಸನ್, ಅವರಿಗೆ ಪುರುಸೊತ್ತಿರಲಿಲ್ಲ. "ನಾನು ಬರ್ತೀನಿ ನಡಿ, ನನಗೂ ಗೊತ್ತಾಗ್ಲಿ," ಎಂದು ಅತ್ತೆ ಸೆರಗು ಸರಿಮಾಡಿಕೊಂಡು ಎದ್ದರು.

ಸಾಲದ ವಿಭಾಗದಲ್ಲಿ ಇದ್ದದ್ದು ನನಗಿಂತ ಚಿಕ್ಕ ವಯಸ್ಸಿನ ಒಬ್ಬ ಅಧಿಕಾರಿಣಿ. ಮುನ್ನೂರ ಎಂಟು ತಪ್ಪು ಸಂಖ್ಯೆ ಎಂದು ಅವರು ಹೇಳುತ್ತಾರೆ ಎಂಬ ಆಸೆ ನನ್ನಲ್ಲಿ ಇನ್ನೂ ಸ್ವಲ್ಪ ಉಳಿದಿತ್ತು. ಅವರು ಕಂಪ್ಯೂಟರ್ ನೋಡಿ, "ಸರಿಯಾಗಿದೆ ಮೇಡಂ," ಎಂದರು. ಆಮೇಲೆ ಒಂದು ಬಿಳಿ ಹಾಳೆ ಎಳೆದುಕೊಂಡರು.

"ನೀವು ಸಾಲ ತಗೊಂಡಾಗ ಬಡ್ಡಿ ಏಳು ಪರ್ಸೆಂಟ್ ಇತ್ತು. ಮೊದಲನೇ ತಿಂಗಳು ಮೂವತ್ತು ಲಕ್ಷಕ್ಕೆ ಬಡ್ಡಿ ಹದಿನೇಳೂವರೆ ಸಾವಿರ. ನೀವು ಕಟ್ಟಿದ್ದು ಇಪ್ಪತ್ತಮೂರು ಸಾವಿರ ಚಿಲ್ಲರೆ. ಉಳಿದಿದ್ದು ಐದು ಮುಕ್ಕಾಲು ಸಾವಿರ. ಅಷ್ಟೇ ನಿಮ್ಮ ಅಸಲಿಂದ ಕಳೀತು."

"ಬಡ್ಡೀನ ಮೊದಲು ಯಾಕಮ್ಮ ಹಿಡ್ಕೋತೀರಿ?" ಎಂದರು ಅತ್ತೆ. "ಅರ್ಧ ಅದಕ್ಕೆ, ಅರ್ಧ ಇದಕ್ಕೆ ಹಾಕ್ಬಾರ್ದ?"

ಆ ಹುಡುಗಿ ನಗಲಿಲ್ಲ. "ಮೊದಲು ಹಿಡ್ಕೋಬೇಕು ಅಂತ ಏನಿಲ್ಲ ಅಜ್ಜಿ. ಆ ತಿಂಗಳು ಎಷ್ಟು ಸಾಲ ನಿಮ್ಮ ಮೇಲಿದೆಯೋ ಅಷ್ಟಕ್ಕೆ ಬಡ್ಡಿ. ಶುರುವಿನಲ್ಲಿ ಸಾಲ ದೊಡ್ಡದು, ಬಡ್ಡೀನೂ ದೊಡ್ಡದು. ಕೊನೆಕೊನೆಗೆ ಸಾಲ ಚಿಕ್ಕದಾಗುತ್ತೆ, ಆಗ ಕಟ್ಟಿದ್ದೆಲ್ಲ ಅಸಲಿಗೇ ಹೋಗುತ್ತೆ."

ಅಲ್ಲಿಯವರೆಗೆ ಇದರಲ್ಲಿ ಬ್ಯಾಂಕಿನವರ ಏನೋ ಕೈಚಳಕವಿದೆ ಎಂದೇ ನಂಬಿದ್ದೆ. ಕೈಚಳಕ ಇರಲಿಲ್ಲ. ಶಾಲೆಯಲ್ಲಿ ಕಲಿತ ಲೆಕ್ಕ, ಅಷ್ಟೆ. ಅದನ್ನು ನಮ್ಮ ಮನೆಯ ಮೇಲೆ ಇಟ್ಟು ನಾವು ನೋಡಿರಲಿಲ್ಲ.

ಆಮೇಲಿನದು ಇನ್ನೂ ವಿಚಿತ್ರವಾಗಿತ್ತು. ನಾವು ಸಾಲ ಪಡೆದು ಒಂದೂವರೆ ವರ್ಷವಾಗುವಷ್ಟರಲ್ಲಿ ಬಡ್ಡಿ ಮೆಟ್ಟಿಲು ಮೆಟ್ಟಿಲಾಗಿ ಏರಿ ಎಂಟು ಮುಕ್ಕಾಲಿಗೆ ಬಂದಿತ್ತು. ಈಗ ತಿಂಗಳ ಬಡ್ಡಿಯೇ ಇಪ್ಪತ್ತೊಂದು ಸಾವಿರದ ಹತ್ತಿರ. ಕಂತು ಮಾತ್ರ ಮೊದಲಿನಷ್ಟೇ. ಅಸಲಿಗೆ ಸೇರುತ್ತಿದ್ದದ್ದು ಎರಡು ಸಾವಿರ ಚಿಲ್ಲರೆ. ಅಷ್ಟು ಸಣ್ಣ ತುಂಡುಗಳಲ್ಲಿ ಅಷ್ಟು ದೊಡ್ಡ ಸಾಲ ಕರಗಬೇಕಾದರೆ ವರ್ಷಗಳು ಹೆಚ್ಚಾಗಲೇಬೇಕು.

"ನಮಗೆ ಹೇಳಲೇ ಇಲ್ಲವಲ್ಲ?" ಎಂದೆ.

"ಪ್ರತಿ ಸಲ ಮೆಸೇಜ್ ಬಂದಿರುತ್ತೆ ಮೇಡಂ. ಇಎಂಐ ಬದಲಾಗಿಲ್ಲ ಅಂತ ಯಾರೂ ಓದಲ್ಲ."

ಫೋನಿನಲ್ಲಿ ಹುಡುಕಿದೆ. ಇದ್ದವು. ಸಾಲು ಸಾಲಾಗಿ ಇದ್ದವು. ನನ್ನ ಖಾತೆಯಿಂದ ಹೋಗುವ ಹಣ ಅಷ್ಟೇ ಇದ್ದದ್ದರಿಂದ ಎಲ್ಲವೂ ಹಾಗೆಯೇ ಇದೆ ಎಂದುಕೊಂಡಿದ್ದೆ.

"ಹೀಗೇ ಬಿಟ್ರೆ?"

ಅವರು ಲೆಕ್ಕ ಹಾಕಿ ಹಾಳೆಯನ್ನು ನನ್ನ ಕಡೆ ತಿರುಗಿಸಿದರು. ಬಡ್ಡಿ ಹೀಗೆಯೇ ಇದ್ದರೆ, ಕಂತೂ ಹೀಗೆಯೇ ಇದ್ದರೆ, ಮೂವತ್ತು ಲಕ್ಷದ ಸಾಲಕ್ಕೆ ಕೊನೆಗೆ ನಾವು ಕಟ್ಟಿರುವುದು ಎಂಬತ್ತು ಲಕ್ಷ. ಅಷ್ಟರಲ್ಲಿ ನಾನು ಕೆಲಸದಿಂದ ನಿವೃತ್ತಳಾಗಿ ವರ್ಷಗಳೇ ಕಳೆದಿರುತ್ತವೆ. ಕಂತನ್ನು ಮೂರೂವರೆ ಸಾವಿರದಷ್ಟು ಹೆಚ್ಚಿಸಿಕೊಂಡರೆ ಸಾಲ ಮತ್ತೆ ಹದಿನೇಳು ವರ್ಷದ ದಾರಿಗೆ ಬರುತ್ತದೆ. ಹದಿನಾರು ಹದಿನೇಳು ಲಕ್ಷ ಉಳಿಯುತ್ತದೆ. ನಾನು ಆ ಎರಡು ಸಾಲುಗಳನ್ನು ಮತ್ತೆ ಮತ್ತೆ ಓದಿದೆ. ತಿಂಗಳಿಗೆ ಮೂರೂವರೆ ಸಾವಿರದಿಂದ ಅಷ್ಟು ದೊಡ್ಡ ವ್ಯತ್ಯಾಸ ಹೇಗೆ ಬರುತ್ತದೆ ಎಂದು ಕೇಳಿದಾಗ, "ಅದು ಪೂರ್ತಿ ಅಸಲಿಗೆ ಹೋಗುತ್ತಲ್ಲ ಮೇಡಂ. ಎರಡು ಸಾವಿರ ಹೋಗೋ ಕಡೆ ಐದೂವರೆ ಹೋಗುತ್ತೆ," ಎಂದರು.

ವಾಪಸ್ ಬರುವಾಗ ಆಟೋದಲ್ಲೇ ಆ ಹಾಳೆಯ ಹಿಂಬದಿಯಲ್ಲಿ ಮನೆಗೆ ಬಿದ್ದದ್ದನ್ನೆಲ್ಲ ಬರೆಯತೊಡಗಿದೆ. ನೇಕಾರರ ಬೀದಿ ದಾಟುವಾಗ ಮಗ್ಗಗಳ ಸದ್ದು ಎರಡೂ ಕಡೆಯಿಂದ ಕಿವಿಗೆ ಬಡಿಯಿತು. ನಾವು ಮೊದಲು ಬಾಡಿಗೆಗಿದ್ದ ಮನೆ ಅದೇ ಬೀದಿಯಲ್ಲಿದೆ. ಮುಂದಿನ ಹಜಾರದಲ್ಲಿ ಅತ್ತೆಯ ಎರಡು ಪವರ್‌ಲೂಮ್‌ಗಳು, ಹಿಂದೆ ನಮ್ಮ ಸಂಸಾರ. ಬಡಾವಣೆಯ ಹೊಸ ಮನೆಗೆ ಮಗ್ಗ ತರುವಂತಿರಲಿಲ್ಲ, ಅಕ್ಕಪಕ್ಕದವರು ಆ ಸದ್ದು ಸಹಿಸುತ್ತಿರಲಿಲ್ಲ. ಮಾರಿಬಿಟ್ಟೆವು. ಈಗ ಅತ್ತೆ ಮನೆಯಲ್ಲಿ ಕೂತು ಸೀರೆಗಳಿಗೆ ಕುಚ್ಚು ಕಟ್ಟುತ್ತಾರೆ.

"ಮಗ್ಗದ ದುಡ್ಡಲ್ಲಿ ಹಾಲು, ತರಕಾರಿ, ಗ್ಯಾಸು ಎಲ್ಲ ಆಗ್ತಿತ್ತು," ಎಂದರು ಅತ್ತೆ, ಬೀದಿಯ ಕಡೆ ನೋಡುತ್ತಲೇ. "ಮನೆಗೆ ಎಷ್ಟು ಬಿತ್ತು ಅಂತ ಬರೀತೀಯಲ್ಲ, ಅದನ್ನೂ ಬರ್ಕೋ."

ನಾನು ಅವರ ಕಡೆ ತಿರುಗಿದೆ. "ಬೇಜಾರಿದೆಯಾ ಅತ್ತೆ?"

"ಬೇಜಾರಲ್ಲ ಕಣೆ. ಲೆಕ್ಕ ಅಂದ್ಮೇಲೆ ಎಲ್ಲಾ ಬರ್ಬೇಕಲ್ವಾ? ಕಿವಿ ತಣ್ಣಗಿದೆ, ಅದನ್ನೂ ಇನ್ನೊಂದು ಕಡೆ ಬರ್ಕೋ. ಅಲ್ಲಿದ್ದಾಗ ನೀವು ಕೂಗಿದ್ರೂ ನನಗೆ ಕೇಳಿಸ್ತಿರ್ಲಿಲ್ಲ."

ಹಾಗೆ ನನ್ನ ಲೆಕ್ಕ ಬೆಳೆಯುತ್ತ ಹೋಯಿತು. ನೋಂದಣಿಗೆ, ವಕೀಲರಿಗೆ, ಸಾಲದ ಜೊತೆ ತಗುಲಿಹಾಕಿದ ವಿಮೆಗೆ ಕೊಟ್ಟದ್ದು ಮೂರು ಲಕ್ಷದಷ್ಟಿತ್ತು. ನಲವತ್ತೆರಡು ಎನ್ನುವಾಗ ಅದನ್ನು ನಾವು ಎಂದೂ ಸೇರಿಸುತ್ತಿರಲಿಲ್ಲ. ಇತ್ತ ಕಡೆ, ಕಟ್ಟದೆ ಉಳಿಸಿದ ಬಾಡಿಗೆ ಇತ್ತು. ಹಳೆಯ ಮನೆಯಲ್ಲೇ ಇದ್ದಿದ್ದರೆ ಇಪ್ಪತ್ತು ವರ್ಷ ಬಾಡಿಗೆ ಕಟ್ಟುತ್ತಿದ್ದೆವು, ಅದು ಏರುತ್ತಲೂ ಇರುತ್ತಿತ್ತು. ಇನ್ನೊಂದು ತೊಡಕು: ಇಪ್ಪತ್ತು ವರ್ಷದ ನಂತರ ಕಟ್ಟುವ ಇಪ್ಪತ್ತಮೂರು ಸಾವಿರ ಈಗಿನಷ್ಟು ಭಾರವಾಗಿರುವುದಿಲ್ಲ. ನಾನು ಕೆಲಸಕ್ಕೆ ಸೇರಿದಾಗಿನ ಸಂಬಳ ಈಗ ನಮ್ಮ ಮನೆಯ ದಿನಸಿಗೂ ಸಾಲದು. ಹಾಗಾದರೆ ಎಂಬತ್ತು ಲಕ್ಷ ಎನ್ನುವುದು ಈಗಿನ ಎಂಬತ್ತು ಲಕ್ಷವೇ? ಅಲ್ಲ. ಎಷ್ಟು ಎಂದು ಖಚಿತವಾಗಿ ಹೇಳಲು ನನ್ನಿಂದ ಆಗಲಿಲ್ಲ. ಕಂತು ಕಟ್ಟುವುದು ಬಿಟ್ಟು ಆ ಹಣವನ್ನು ಬೇರೆಲ್ಲಾದರೂ ಹಾಕಿದ್ದರೆ ಎಂದು ಲ್ಯಾಬಿನ ಗೆಳತಿಯೊಬ್ಬಳು ಕೇಳಿದಾಗ ಊಟದ ಡಬ್ಬಿ ಮುಚ್ಚಿಟ್ಟು ಎದ್ದುಬಿಟ್ಟೆ. ಬಾಡಿಗೆ ಮನೆಯಲ್ಲಿದ್ದಾಗ ನಮ್ಮ ಕೈಯಲ್ಲಿ ಹಣ ನಿಂತದ್ದೇ ಇಲ್ಲ ಎನ್ನುವುದು ಮಾತ್ರ ನನಗೆ ಗೊತ್ತಿತ್ತು.

ಮನೆಯಲ್ಲಿ ಕಂತು ಹೆಚ್ಚಿಸುವ ಮಾತು ಸಲೀಸಾಗಿ ಮುಗಿಯಲಿಲ್ಲ.

"ನನ್ನ ವ್ಯಾಪಾರ ನಿನ್ನ ಸಂಬಳದ ಥರ ಅಲ್ಲ," ಎಂದರು ಗಂಡ. "ಆಷಾಢದಲ್ಲಿ ಒಂದು ಸೀರೆ ಹೋಗಲ್ಲ. ಇಎಂಐ ಒಂದ್ಸಲ ಏರಿಸಿದ್ರೆ ಏರಿಸಿದ್ದೇ. ಆಮೇಲೆ ಎಲ್ಲಿಂದ ತರೋಣ? ಮನೆ ರೇಟೂ ಏರಿದ್ಯಲ್ಲ, ಈಗ ಮಾರಿದ್ರೆ ಅರವತ್ತಕ್ಕೆ ಹೋಗುತ್ತೆ."

"ಮಾರ್ತೀವೇನ್ರೀ?"

"ಮಾರಲ್ಲ."

"ಮತ್ತೆ ಅರವತ್ತು ಎಲ್ಲಿಂದ ಬಂತು?"

ಅವರಿಗೆ ಸಿಟ್ಟು ಬಂತು, ಎದ್ದು ಹೊರಗೆ ಹೋಗಿ ಗಾಡಿ ಒರೆಸತೊಡಗಿದರು. ಆದರೆ ಅವರ ಮಾತಿನಲ್ಲೂ ನಿಜವಿತ್ತು. ಆಷಾಢದ ತಿಂಗಳುಗಳನ್ನು ನಾನೂ ನೋಡಿದ್ದೆ. ಮರುದಿನ ಬೆಳಗ್ಗೆ ಕಾಫಿ ಕೊಡುವಾಗ ಹೇಳಿದೆ: "ಏರಿಸೋದು ನನ್ನ ಸಂಬಳದಿಂದ. ಸ್ಕೂಟಿ ಬಿಟ್ಟು ಫ್ಯಾಕ್ಟರಿ ಬಸ್ಸಲ್ಲಿ ಹೋಗ್ತೀನಿ, ಪೆಟ್ರೋಲು ಉಳಿಯುತ್ತೆ. ಈ ವರ್ಷ ಸಂಬಳಾನೂ ಸ್ವಲ್ಪ ಏರಿದೆ. ನೀವು ಸೀಸನ್ ಮುಗಿದ್ಮೇಲೆ ಆದಾಗ ಆದಷ್ಟು ಒಟ್ಟಿಗೆ ಕಟ್ಟಿ. ಅದಕ್ಕೆ ದಂಡ ಇಲ್ವಂತೆ."

"ಆಗದಿದ್ರೆ?"

"ಆಗದಿದ್ರೆ ಬಿಡಿ, ಅದೇನು ಕಂತಲ್ಲ."

ಅವರು ಕಾಫಿ ಕುಡಿದು ಮುಗಿಸಿ, "ಸರಿ, ಹಾಗಾದ್ರೆ ನೋಡೋಣ," ಎಂದರು. ನಮ್ಮ ಮನೆಯಲ್ಲಿ ಅದು ಒಪ್ಪಿಗೆ.

ಇಷ್ಟೆಲ್ಲ ಆದಮೇಲೆ ತಂಗಿಯನ್ನು ನೋಡಲು ದೇವನಹಳ್ಳಿಗೆ ಹೋದೆ. ಅವಳ ಗಂಡ ಬಿಲ್ಡರ್ ಕೊಟ್ಟ ಬಣ್ಣದ ಪುಸ್ತಿಕೆ ತೋರಿಸಿದ. ಮೂರು ಕೋಣೆಗಳ ಫ್ಲ್ಯಾಟ್, ಮೂವತ್ತು ವರ್ಷದ ಸಾಲ. "ತಿಂಗಳಿಗೆ ಕಡಿಮೆ ಬರುತ್ತೆ ಅಕ್ಕ, ಅದಕ್ಕೆ ಮೂವತ್ತು," ಎಂದ. ನಾನು ಬೇಡ ಎನ್ನಲಿಲ್ಲ. ಬ್ಯಾಂಕಿನ ಹುಡುಗಿ ಬರೆದುಕೊಟ್ಟ ಹಾಳೆಯನ್ನು ಮೇಜಿನ ಮೇಲಿಟ್ಟು ನಮ್ಮ ಕಥೆ ಹೇಳಿದೆ, ಮಗ್ಗದ ವಿಷಯವನ್ನೂ ಸೇರಿಸಿ. ಅವರಿಬ್ಬರೂ ತಮ್ಮ ಸಾಲವನ್ನು ಅದೇ ರೀತಿ ಬಿಡಿಸಿ ನೋಡಿದರು. ಬಡ್ಡಿ ಒಂದು ಪರ್ಸೆಂಟ್ ಏರಿದರೆ ಏನು, ಎರಡು ಏರಿದರೆ ಏನು ಎಂದು ಬೇರೆ ಬೇರೆ ಹಾಕಿ ನೋಡಿದರು. ನಡುವೆ ತಂಗಿ ತಲೆ ಎತ್ತಿ, "ಅಕ್ಕ, ನಮಗೆ ಎಂಟೂವರೆಗೆ ಕೊಡ್ತೀವಿ ಅಂದಿದ್ದಾರೆ. ನಿಮ್ಮದೂ ಅದೇ ಬ್ಯಾಂಕಲ್ವಾ, ನಿಮಗ್ಯಾಕೆ ಎಂಟು ಮುಕ್ಕಾಲು?" ಎಂದಳು.

ಅದನ್ನು ನಾನು ಕೇಳಿಯೇ ಇರಲಿಲ್ಲ. ಮತ್ತೆ ಬ್ಯಾಂಕಿಗೆ ಹೋದೆ. ಹೊಸಬರಿಗೆ ಕೊಡುವ ದರ ಹಳಬರಿಗೂ ಸಿಗುತ್ತದೆ, ಅರ್ಜಿ ಹಾಕಿ ಒಂದಿಷ್ಟು ಶುಲ್ಕ ಕಟ್ಟಬೇಕು, ಕೇಳಿದವರಿಗೆ ಮಾತ್ರ ಎಂದು ಗೊತ್ತಾಯಿತು. ಅದೇ ದಿನ ಅರ್ಜಿ ಹಾಕಿದೆ. ಕಂತು ಹೆಚ್ಚಿಸುವ ಕಾಗದಕ್ಕೂ ಸಹಿ ಮಾಡಿದೆ. ಒಂದೆರಡು ವಾರದ ನಂತರ ಆ್ಯಪ್ ತೆರೆದಾಗ ಉಳಿದ ಕಂತುಗಳು ಇನ್ನೂರರ ಹತ್ತಿರಕ್ಕೆ ಇಳಿದಿದ್ದವು. ಫ್ಯಾಕ್ಟರಿ ಬಸ್ಸಿನಲ್ಲಿ ನಿಂತುಕೊಂಡೇ ಅದನ್ನು ನೋಡಿ ನಕ್ಕುಬಿಟ್ಟೆ. ಪಕ್ಕದವಳು, "ಏನ್ ಗುರು, ಲಾಟರಿ ಹೊಡೀತಾ?" ಎಂದು ಕೇಳಿದಳು. ನಾನು ಹೇಳತೊಡಗಿದೆ. ಅವಳೂ ಸಾಲ ಮಾಡಿ ಮನೆ ಕಟ್ಟಿದವಳು. ಬಸ್ ಕಾರ್ಖಾನೆಯ ಗೇಟಿಗೆ ಬರುವಷ್ಟರಲ್ಲಿ ಅವಳೂ ತನ್ನ ಫೋನ್ ತೆರೆದಿದ್ದಳು.

ತಂಗಿ ಬೂದಿಗೆರೆಯ ಆಸೆ ಬಿಡಲಿಲ್ಲ. ಅದೇ ಕಟ್ಟಡದಲ್ಲಿ ಎರಡು ಕೋಣೆಗಳ ಫ್ಲ್ಯಾಟ್ ಬುಕ್ ಮಾಡಿದಳು, ಸಾಲದ ಅವಧಿಯನ್ನೂ ಇಪ್ಪತ್ತು ವರ್ಷಕ್ಕೆ ಇಳಿಸಿಕೊಂಡಳು. ಮೂರನೆಯ ಕೋಣೆ ಹೋಯಿತಲ್ಲ ಎಂದು ಅವಳ ಗಂಡ ಸ್ವಲ್ಪ ದಿನ ಮುಖ ಸಣ್ಣಗೆ ಮಾಡಿಕೊಂಡಿದ್ದನಂತೆ. ಕಟ್ಟಡ ಮುಗಿದು ನಡೆದ ಗೃಹಪ್ರವೇಶಕ್ಕೆ ಅತ್ತೆ ತಾವೇ ಕುಚ್ಚು ಕಟ್ಟಿದ ಹಸಿರು ಸೀರೆಯೊಂದನ್ನು ಅವಳಿಗೆ ಒಯ್ದರು. ಅಡುಗೆಮನೆಯ ಕಿಟಕಿಯಿಂದ ರಾಗಿ ಹೊಲವೊಂದು ಕಾಣುತ್ತಿತ್ತು. ತಂಗಿ ಅದನ್ನೇ ನೋಡುತ್ತ ಕೇಳಿದಳು: "ಈ ಹೊಲದಲ್ಲೂ ಬಿಲ್ಡಿಂಗ್ ಬಂದ್ಬಿಟ್ರೆ ಗಾಳಿ ಬರಲ್ಲ ಅಲ್ವಾಕ್ಕ?"

"ಹೊಲ ಯಾರದು ಅಂತ ಕೇಳಿದ್ಯಾ?" ಎಂದೆ.

"ಇಲ್ಲ. ಬಾ, ಕೇಳ್ಕೊಂಡು ಬರೋಣ," ಎಂದು ಅವಳು ಚಪ್ಪಲಿ ಹಾಕಿಕೊಂಡಳು. ಕೆಳಗೆ ಹೊಲದ ಅಂಚಿನಲ್ಲಿ ಯಾರೋ ಹಸು ಕಟ್ಟುತ್ತಿದ್ದರು. ನಾವಿಬ್ಬರೂ ಆ ಕಡೆಗೆ ಇಳಿದು ಹೋದೆವು.